ಒಬ್ಬರೇ ಆಡುವ ಆಟಗಳಲ್ಲಿ ಚೀಟ್ ಎಂಜಿನ್: ದೀರ್ಘಕಾಲದ ಬಳಕೆಯ ನಂತರ ಒಂದು ವಿಮರ್ಶೆ

ಕಂಪ್ಯೂಟರಿನಲ್ಲಿ ಒಬ್ಬರೇ ಆಡುವ ಆಟಗಳಿಗಾಗಿ ನಾನು ಹಲವು ವರ್ಷಗಳಿಂದ ಚೀಟ್ ಎಂಜಿನ್ ಬಳಸುತ್ತಿದ್ದೇನೆ. ಡಾರ್ಕ್ ಬೈಟ್ ಎಂಬ ಹೆಸರಿನಿಂದ ಪರಿಚಿತರಾದ ಡೆವಲಪರ್ ರೂಪಿಸಿದ ಈ ತಂತ್ರಾಂಶ ಓಡುತ್ತಿರುವ ಆಟದ ಚಿನ್ನ, ಆರೋಗ್ಯ ಮೊದಲಾದ ಸಂಖ್ಯೆಗಳನ್ನು ಹುಡುಕಿ ಬದಲಾಯಿಸಲು ನೆರವಾಗುತ್ತದೆ, ಉಚಿತವಾಗಿ ದೊರೆಯುತ್ತದೆ. ಅದರ ಸೋರ್ಸ್ ಕೋಡ್ ಗಿಟ್‌ಹಬ್‌ನಲ್ಲಿ ಯಾರು ಬೇಕಾದರೂ ಓದುವಂತೆ ತೆರೆದಿದೆ. ಇದೇ ಕೆಲಸಕ್ಕೆ ಒಂದೊಂದು ಆಟಕ್ಕೆಂದೇ ತಯಾರಾದ, ಟ್ರೈನರ್ ಎಂಬ ಸಣ್ಣ ಚೀಟ್ ಪ್ರೋಗ್ರಾಂಗಳಿವೆ, ವೀಮಾಡ್‌ನಂತಹ ಆ್ಯಪ್‌ಗಳೂ ಇವೆ. ಅವನ್ನು ಬಳಸಿ ನೋಡಿದ ಮೇಲೂ ನಾನು ಚೀಟ್ ಎಂಜಿನ್‌ನಲ್ಲೇ ಉಳಿದಿದ್ದೇನೆ. ಆಟದ ಯಾವ ಸಂಖ್ಯೆ ಯಾವಾಗ ಬದಲಾಯಿತು, ಬದಲಾಯಿಸಿದವರು ಯಾರು ಎಂಬುದೆಲ್ಲ ಇಲ್ಲಿ ನನ್ನ ಕಣ್ಣೆದುರೇ ನಡೆಯುತ್ತದೆ ಎಂಬುದೇ ಅದಕ್ಕೆ ಕಾರಣ. ಸುರಕ್ಷತೆಯ ದೃಷ್ಟಿಯಿಂದ ಇದಕ್ಕಿಂತ ದೊಡ್ಡ ಅನುಕೂಲ ಮತ್ತೊಂದಿಲ್ಲ ಎಂಬುದು ನನ್ನ ಅಭಿಪ್ರಾಯ, ಮತ್ತು ಈ ವಿಮರ್ಶೆಯನ್ನು ಮುಖ್ಯವಾಗಿ ಸುರಕ್ಷತೆಯನ್ನೇ ಮನಸ್ಸಿನಲ್ಲಿಟ್ಟುಕೊಂಡು ಬರೆಯುತ್ತಿದ್ದೇನೆ.

ಇದರ ಕೆಲಸದ ರೀತಿ ಸರಳವಾದದ್ದು. ಆಟ ನಡೆಯುತ್ತಿರುವಾಗ ನಿಮ್ಮ ಚಿನ್ನ, ಗುಂಡುಗಳು, ಆರೋಗ್ಯ ಮೊದಲಾದವೆಲ್ಲ ಕಂಪ್ಯೂಟರಿನ ಮೆಮೊರಿಯಲ್ಲಿ ಸಂಖ್ಯೆಗಳಾಗಿ ಕುಳಿತಿರುತ್ತವೆ. ಕಿಟಕಿಯ ಎಡ ಮೂಲೆಯಲ್ಲಿ ಮಿನುಗುವ ಚಿತ್ರವನ್ನು ಒತ್ತಿ ಆಟದ ಪ್ರೊಸೆಸ್ (ಓಡುತ್ತಿರುವ ಪ್ರೋಗ್ರಾಂ) ಆಯ್ಕೆಮಾಡಿ, ಕೈಯಲ್ಲಿರುವ ಚಿನ್ನ 350 ಆಗಿದ್ದರೆ 350 ಎಂದು ಬರೆದು ಸ್ಕ್ಯಾನ್ ಮಾಡಿದರೆ ಸಾವಿರಾರು ವಿಳಾಸಗಳು, ಅಂದರೆ ಮೆಮೊರಿಯಲ್ಲಿ ಆ ಸಂಖ್ಯೆಯಿರುವ ಜಾಗಗಳು, ಸಿಗುತ್ತವೆ. ಆಟಕ್ಕೆ ಮರಳಿ ಏನಾದರೂ ಕೊಂಡು ಚಿನ್ನವನ್ನು 320ಕ್ಕೆ ಇಳಿಸಿ, ಈಗ 320 ಎಂದು ಮತ್ತೆ ಹುಡುಕಿದರೆ ಪಟ್ಟಿ ಬೆರಳೆಣಿಕೆಯಷ್ಟಕ್ಕೆ ಕುಗ್ಗುತ್ತದೆ. ಸರಿಯಾದ ವಿಳಾಸವನ್ನು ಕೆಳಗಿನ ಪಟ್ಟಿಗೆ ತಂದು ಅದರ ಬೆಲೆಯನ್ನು, ಅಂದರೆ ಅಲ್ಲಿರುವ ಸಂಖ್ಯೆಯನ್ನು, ಬದಲಾಯಿಸಬಹುದು, ಅಥವಾ ಪಕ್ಕದ ಚೌಕದಲ್ಲಿ ಗುರುತು ಹಾಕಿ ಆ ಸಂಖ್ಯೆ ಅಲುಗದಂತೆ ಹಿಡಿದಿಡಬಹುದು. ಆರೋಗ್ಯವನ್ನು ಸಂಖ್ಯೆಯಲ್ಲಿ ತೋರಿಸದೆ ಬರೀ ಬಣ್ಣದ ಪಟ್ಟೆಯಂತೆ ತೋರಿಸುವ ಆಟಗಳಲ್ಲಿ ಆರಂಭದ ಬೆಲೆ ಗೊತ್ತಿಲ್ಲ ಎಂಬ ಆಯ್ಕೆಯಿಂದ ಹೊರಟು, ಪೆಟ್ಟು ಬಿದ್ದಾಗಲೆಲ್ಲ ಕಡಿಮೆಯಾಗಿದೆ, ಗುಣವಾದಾಗ ಹೆಚ್ಚಾಗಿದೆ ಎಂದು ಸೋಸುತ್ತಾ ಹೋಗಬೇಕು. ಇದಕ್ಕೆ ತಾಳ್ಮೆ ಬೇಕು. ಹೊಸಬರು ಹೆಚ್ಚಾಗಿ ಎಡವುವುದು ಸಂಖ್ಯೆಯ ಬಗೆಯಲ್ಲಿ: ತಂತ್ರಾಂಶ ತಾನಾಗಿ 4 ಬೈಟ್ ಪೂರ್ಣಾಂಕಗಳನ್ನು ಹುಡುಕುತ್ತದೆ, ಆದರೆ ಅನೇಕ ಆಟಗಳು ಆರೋಗ್ಯವನ್ನು ದಶಮಾಂಶವಿರುವ ಫ್ಲೋಟ್ ರೂಪದಲ್ಲಿ ಇಟ್ಟಿರುತ್ತವೆ. ಏನೂ ಸಿಗಲಿಲ್ಲವೆಂದರೆ ಮೊದಲು ಅದನ್ನೇ ಬದಲಾಯಿಸಿ ನೋಡುವುದು ಒಳ್ಳೆಯದು.

ತಂತ್ರಾಂಶದ ಜೊತೆಯಲ್ಲೇ ಬರುವ ಟ್ಯುಟೋರಿಯಲ್ ಅನ್ನು ನಾನು ಮನಸಾರೆ ಮೆಚ್ಚುತ್ತೇನೆ. ಅದು ಯಾವ ಆಟಕ್ಕೂ ಸಂಬಂಧಿಸದ ಸಣ್ಣ ಪ್ರತ್ಯೇಕ ಪ್ರೋಗ್ರಾಂ. 100 ಇರುವ ಆರೋಗ್ಯವನ್ನು ಹುಡುಕಿ 1000 ಮಾಡುವುದರಿಂದ ಆರಂಭವಾಗಿ, ಗೊತ್ತಿಲ್ಲದ ಬೆಲೆಯ ಹುಡುಕಾಟ, ಫ್ಲೋಟ್ ಮತ್ತು ಡಬಲ್ (ದಶಮಾಂಶ ಸಂಖ್ಯೆಯ ಎರಡು ಬಗೆಗಳು), ಪಾಯಿಂಟರ್ (ಬೇರೊಂದು ವಿಳಾಸವನ್ನು ತೋರಿಸುವ ಬೆಲೆ), ಕೋಡ್ ಇಂಜೆಕ್ಷನ್ (ಆಟದ ಕೋಡಿಗೆ ನಮ್ಮ ಕೋಡ್ ಸೇರಿಸುವುದು) ಎಂದು ಹಂತಹಂತವಾಗಿ ಮೇಲೇರುತ್ತದೆ. ಯಾವ ಸೇವ್ ಫೈಲೂ ಕೆಡುವ ಭಯವಿಲ್ಲದೆ, ಯಾವ ಖಾತೆಗೂ ಅಪಾಯವಿಲ್ಲದೆ ಕೈ ಪಳಗಿಸಿಕೊಳ್ಳಲು ಇದಕ್ಕಿಂತ ಒಳ್ಳೆಯ ಜಾಗವಿಲ್ಲ. ಆಟ ಮುಚ್ಚಿ ಮತ್ತೆ ತೆರೆದಾಗ ನಿನ್ನೆ ಸಿಕ್ಕ ವಿಳಾಸ ಇಂದು ಏಕೆ ಕೆಲಸ ಮಾಡುವುದಿಲ್ಲ ಎಂಬ ಪ್ರಶ್ನೆಗೂ ಪಾಯಿಂಟರ್ ಹಂತದಲ್ಲಿ ಉತ್ತರವಿದೆ: ಪ್ರತಿ ಬಾರಿಯೂ ಮೆಮೊರಿಯಲ್ಲಿ ಸಂಖ್ಯೆಗಳು ಕೂರುವ ಜಾಗ ಬದಲಾಗುತ್ತದೆ, ಸ್ಥಿರವಾದ ಒಂದು ಜಾಗದಿಂದ ದಾರಿ ಹಿಡಿದು ಹೋಗಿ ಅವನ್ನು ತಲುಪಬೇಕಾಗುತ್ತದೆ. ಆದರೂ ಸಾಮಾನ್ಯ ಬಳಕೆದಾರರಿಗೆ ಇಷ್ಟು ಆಳ ಬೇಕಿಲ್ಲ. ಮೊದಲ ನಾಲ್ಕು ಹಂತ ಕಲಿತರೆ ಹೆಚ್ಚಿನ ಆಟಗಳಿಗೆ ಸಾಕು.

ನನಗೆ ಅತಿ ಹೆಚ್ಚು ಉಪಯೋಗಕ್ಕೆ ಬಂದಿರುವುದು ಸಂಖ್ಯೆಗಳ ಬದಲಾವಣೆಗಿಂತಲೂ ಸ್ಪೀಡ್‌ಹ್ಯಾಕ್ ಎಂಬ ಸೌಲಭ್ಯ. ಆಟವು ಸಮಯ ಎಷ್ಟಾಯಿತೆಂದು ವಿಂಡೋಸ್ ಅನ್ನು ಕೇಳಿದಾಗ ಅದಕ್ಕೆ ಬರುವ ಉತ್ತರವನ್ನು ಚೀಟ್ ಎಂಜಿನ್ ಹಿಗ್ಗಿಸುತ್ತದೆ ಅಥವಾ ಕುಗ್ಗಿಸುತ್ತದೆ. ಸರದಿಯಂತೆ ಆಡುವ ತಂತ್ರದ ಆಟಗಳಲ್ಲಿ ಎದುರಾಳಿಯ ಚಲನೆಗಳು ಮುಗಿಯುವವರೆಗೆ ಕಾಯುವ ಬದಲು ವೇಗವನ್ನು ಸಾಮಾನ್ಯವಾದ 1ರಿಂದ 2ಕ್ಕೆ ಏರಿಸಬಹುದು. ಕ್ಷಣಾರ್ಧದಲ್ಲಿ ಗುಂಡಿ ಒತ್ತಬೇಕಾದ ಕಾದಾಟದಲ್ಲಿ 0.7ಕ್ಕೆ ಇಳಿಸಬಹುದು. ಬೆರಳುಗಳಲ್ಲಿ ನೋವಿರುವವರಿಗೆ, ವಯಸ್ಸಾದಂತೆ ಪ್ರತಿಕ್ರಿಯೆ ನಿಧಾನವಾದವರಿಗೆ, ಕಥೆಯನ್ನು ಕೊನೆಯವರೆಗೆ ನೋಡಬೇಕೆಂಬ ಆಸೆಯಿದ್ದೂ ಒಂದು ಹಂತದಲ್ಲಿ ಸಿಕ್ಕಿಕೊಂಡವರಿಗೆ ಈ ಸಣ್ಣ ಬದಲಾವಣೆ ದೊಡ್ಡ ಉಪಕಾರ ಮಾಡುತ್ತದೆ, ಮತ್ತು ಇದರಿಂದ ಮತ್ತೊಬ್ಬ ಆಟಗಾರನಿಗೆ ಯಾವ ಅನ್ಯಾಯವೂ ಆಗುವುದಿಲ್ಲ. ವೇಗವನ್ನು ಅತಿಯಾಗಿ ಏರಿಸಿದರೆ ಮಾತ್ರ ಕೆಲವು ಆಟಗಳ ಭೌತಿಕ ಲೆಕ್ಕಾಚಾರ ತಪ್ಪಿ ಪಾತ್ರ ಗೋಡೆಯೊಳಗೆ ಹೊಕ್ಕುಬಿಡುವುದುಂಟು.

ಸುರಕ್ಷತೆಯ ಮೊದಲ ಪ್ರಶ್ನೆ ಇರುವುದು ಡೌನ್‌ಲೋಡ್‌ನಲ್ಲಿ. ಚೀಟ್ ಎಂಜಿನ್‌ನ ಹೆಸರನ್ನೇ ಹೋಲುವ ಪುಟಗಳು, ಅದರ ಫೈಲನ್ನು ಮತ್ತೆ ಏರಿಸಿಟ್ಟ ತಾಣಗಳು ಬಹಳ. ಅಧಿಕೃತ ತಾಣದಿಂದ ಮಾತ್ರ ಪಡೆಯಬೇಕು. ಅಲ್ಲಿಯ ಉಚಿತ ಇನ್‌ಸ್ಟಾಲರ್ ಕೂಡ ನಡುವೆ ಬೇರೆ ಕಂಪನಿಗಳ ತಂತ್ರಾಂಶಗಳನ್ನು ಸೇರಿಸಿಕೊಳ್ಳುವಿರಾ ಎಂದು ಕೇಳುವುದಕ್ಕೆ ಹೆಸರಾಗಿದೆ. ಪ್ರತಿ ಪುಟವನ್ನೂ ಓದಿ, ನಿರಾಕರಿಸುವ ಗುಂಡಿಯನ್ನೇ ಒತ್ತಬೇಕು. ಪೇಟ್ರಿಯಾನ್ ಎಂಬ ತಾಣದ ಮೂಲಕ ಹಣದ ನೆರವು ನೀಡುವವರಿಗೆ ಈ ಸೇರ್ಪಡೆಗಳಿಲ್ಲದ ಪ್ರತಿ ಸಿಗುತ್ತದೆ, ತಂತ್ರಜ್ಞಾನ ಬಲ್ಲವರು ಸೋರ್ಸ್ ಕೋಡ್‌ನಿಂದ ತಾವೇ ಕಟ್ಟಿಕೊಳ್ಳಬಹುದು. ಒಳ್ಳೆಯ ತಂತ್ರಾಂಶಕ್ಕೆ ಇಂತಹ ಇನ್‌ಸ್ಟಾಲರ್ ಇರುವುದು ನನಗೆ ನಿಜಕ್ಕೂ ಬೇಸರದ ಸಂಗತಿ, ಏಕೆಂದರೆ ಎಚ್ಚರವಿಲ್ಲದ ಹೊಸಬರಿಗೆ ಮೊದಲ ಹೆಜ್ಜೆಯಲ್ಲೇ ತೊಂದರೆಯಾಗುತ್ತದೆ.

ಆಂಟಿವೈರಸ್‌ನ ವಿಷಯ ಇನ್ನೂ ಸೂಕ್ಷ್ಮವಾದದ್ದು. ಬೇರೊಂದು ಪ್ರೊಸೆಸ್‌ನ ಮೆಮೊರಿಯನ್ನು ಓದಿ ಬರೆಯುವುದು ಚೀಟ್ ಎಂಜಿನ್‌ನ ಕೆಲಸವೇ ಆಗಿರುವುದರಿಂದ ಅನೇಕ ಆಂಟಿವೈರಸ್‌ಗಳು ಅದನ್ನು ಹ್ಯಾಕ್‌ಟೂಲ್ ಎಂದೋ ಅನಪೇಕ್ಷಿತ ಪ್ರೋಗ್ರಾಂ ಎಂದೋ ಗುರುತಿಸುತ್ತವೆ. ಟ್ರೈನರ್‌ಗಳ ಗತಿಯೂ ಇದೇ. ಇದರಿಂದ ಹುಟ್ಟುವ ಅಪಾಯವೆಂದರೆ, ಎಚ್ಚರಿಕೆ ಬಂದೇ ಬರುತ್ತದೆ, ಅದನ್ನು ಲೆಕ್ಕಿಸಬೇಡಿ ಎಂಬ ಮಾತು ರೂಢಿಯಾಗಿ, ನಿಜವಾದ ದುರುದ್ದೇಶದ ಫೈಲ್ ಕೂಡ ಅದೇ ಮಾತಿನ ಮರೆಯಲ್ಲಿ ಒಳಗೆ ಬರುತ್ತದೆ. ಬ್ರೌಸರಿನಲ್ಲಿ ಉಳಿಸಿಟ್ಟ ಪಾಸ್‌ವರ್ಡ್‌ಗಳನ್ನು ಕದಿಯುವ ತಂತ್ರಾಂಶಗಳು ಆಟದ ಚೀಟ್‌ಗಳ ವೇಷದಲ್ಲಿ ಹರಡುವುದು ಹೊಸ ಸಂಗತಿಯೇನಲ್ಲ. ಆದ್ದರಿಂದ ಟ್ರೈನರ್ ಬಳಸಲೇಬೇಕಾದರೆ ಅದನ್ನು ಮೂಲ ತಯಾರಕರ ಜಾಗದಿಂದಲೇ ಪಡೆಯಿರಿ, ಹಲವು ಆಂಟಿವೈರಸ್‌ಗಳಿಂದ ಒಟ್ಟಿಗೇ ಫೈಲ್ ನೋಡಿಸುವ ವೈರಸ್‌ಟೋಟಲ್ ತಾಣದಲ್ಲಿ ಪರೀಕ್ಷಿಸಿ, ಫಲಿತಾಂಶದಲ್ಲಿ ಎಷ್ಟು ಎಚ್ಚರಿಕೆಗಳಿವೆ ಎಂದು ಎಣಿಸುವುದಕ್ಕಿಂತ ಅವು ಯಾವ ಹೆಸರಿನವು ಎಂದು ಓದಿ. ಹ್ಯಾಕ್‌ಟೂಲ್ ಎಂಬುದು ಒಂದು ಮಾತು, ಮಾಹಿತಿ ಕದಿಯುವ ಸ್ಟೀಲರ್ ಎಂಬುದು ಬೇರೆಯೇ ಮಾತು. ಇಡೀ ಆಂಟಿವೈರಸ್ ಅನ್ನು ನಿಲ್ಲಿಸಿಬಿಡಿ ಎಂದು ಹೇಳುವ ಯಾವುದೇ ಸೂಚನೆಯನ್ನು ನಾನು ಪಾಲಿಸುವುದಿಲ್ಲ. ವಿನಾಯಿತಿ ಕೊಡುವುದಿದ್ದರೆ ಆ ಒಂದು ಫೋಲ್ಡರಿಗೆ ಮಾತ್ರ ಕೊಡುತ್ತೇನೆ. ಜಿಪ್ ಫೈಲಿಗೆ ಪಾಸ್‌ವರ್ಡ್ ಹಾಕಿದ್ದರೆ ಅನುಮಾನ ಇಮ್ಮಡಿಯಾಗಬೇಕು, ಏಕೆಂದರೆ ಪಾಸ್‌ವರ್ಡ್ ಇದ್ದರೆ ಆಂಟಿವೈರಸ್ ಒಳಗೆ ಇಣುಕಲಾರದು.

ಇತರರು ತಯಾರಿಸಿದ ಚೀಟ್ ಟೇಬಲ್‌ಗಳ, ಅಂದರೆ ಒಂದು ಆಟಕ್ಕೆಂದು ವಿಳಾಸಗಳನ್ನು ಹುಡುಕಿ ಉಳಿಸಿಟ್ಟ ಫೈಲ್‌ಗಳ, ಬಗ್ಗೆಯೂ ಇಷ್ಟೇ ಎಚ್ಚರ ಬೇಕು. 2017ರಲ್ಲಿ ಅಮೆರಿಕದ ಆಟ ಉದ್ಯಮದ ಸಂಘಟನೆಯಾದ ಎಂಟರ್‌ಟೈನ್‌ಮೆಂಟ್ ಸಾಫ್ಟ್‌ವೇರ್ ಅಸೋಸಿಯೇಷನ್‌ನ ಆಕ್ಷೇಪಣೆಯ ನಂತರ ಚೀಟ್ ಎಂಜಿನ್‌ನ ತಾಣ ಆಟಗಳ ಟೇಬಲ್‌ಗಳನ್ನು ಇಟ್ಟುಕೊಳ್ಳುವುದನ್ನು ನಿಲ್ಲಿಸಿತು. ಆ ಬಳಗ ಫಿಯರ್‌ಲೆಸ್ ರೆವಲ್ಯೂಷನ್ ಎಂಬ ಬೇರೆ ತಾಣಕ್ಕೆ ಸರಿಯಿತು. ಟೇಬಲ್ ಎಂದರೆ ಬರೀ ಸಂಖ್ಯೆಗಳ ಪಟ್ಟಿ ಎಂದು ಭಾವಿಸುವವರಿದ್ದಾರೆ. ಅದರೊಳಗೆ ಲುವಾ ಭಾಷೆಯ ಸ್ಕ್ರಿಪ್ಟ್ ಇರಬಹುದು, ಮತ್ತು ಸ್ಕ್ರಿಪ್ಟ್ ಎಂದರೆ ನಿಮ್ಮ ಕಂಪ್ಯೂಟರಿನಲ್ಲಿ ಓಡುವ ಕೋಡ್. ಇಂತಹ ಸ್ಕ್ರಿಪ್ಟ್ ಓಡಿಸುವ ಮುನ್ನ ಕೇಳಬೇಕೇ, ಬೇಡವೇ ಎಂಬ ಆಯ್ಕೆ ಸೆಟ್ಟಿಂಗ್‌ಗಳಲ್ಲಿದೆ. ಕೇಳಲಿ ಎಂದೇ ಇಟ್ಟುಕೊಳ್ಳಿ, ಕೇಳಿದಾಗ ತೆರೆದು ಓದಿ, ಅರ್ಥವಾಗದಿದ್ದರೆ ಬೇಡವೆನ್ನಿ.

ಎರಡನೆಯ ದೊಡ್ಡ ವಿಷಯ, ಆಟದಲ್ಲಿ ಮೋಸವನ್ನು ಪತ್ತೆಹಚ್ಚುವ ಆಂಟಿ-ಚೀಟ್ ವ್ಯವಸ್ಥೆಗಳದು. ಒಬ್ಬರೇ ಆಡುತ್ತಿದ್ದೇವೆ ಎಂಬ ಭಾವನೆ ನಮ್ಮದು. ಆಟದ ತಂತ್ರಾಂಶ ಅದನ್ನು ಹಾಗೆ ನೋಡಬೇಕೆಂದಿಲ್ಲ. 2022ರಲ್ಲಿ ಬಂದ ಎಲ್ಡನ್ ರಿಂಗ್ ಅನ್ನು ಒಬ್ಬರೇ ಪೂರ್ತಿ ಆಡಬಹುದು, ಆದರೆ ಅದು ಈಸಿ ಆಂಟಿ-ಚೀಟ್ ಜೊತೆಯಲ್ಲಿ ತೆರೆದುಕೊಳ್ಳುತ್ತದೆ, ಮತ್ತು ಅದೇ ಪಾತ್ರ ಆನ್‌ಲೈನ್‌ನಲ್ಲೂ ಕಾಲಿಡುತ್ತದೆ. ಅಲ್ಲಿ ಆಫ್‌ಲೈನ್‌ನಲ್ಲಿ ಬದಲಾಯಿಸಿದ ಪಾತ್ರವನ್ನು ಮತ್ತೆ ಆನ್‌ಲೈನ್‌ಗೆ ಒಯ್ಯುವುದೆಂದರೆ ಬ್ಯಾನ್‌ಗೆ ಆಹ್ವಾನ ಕೊಟ್ಟಂತೆ. ಜಿಟಿಎ 5ರ ಕಥೆಯ ಭಾಗ ಒಬ್ಬರದೇ ಆಟವಾದರೂ ಅದೇ ಸ್ಥಾಪನೆಯಲ್ಲಿ ಆನ್‌ಲೈನ್ ಭಾಗವೂ ಇದೆ. 2024ರ ಸೆಪ್ಟೆಂಬರ್‌ನಲ್ಲಿ ಅದಕ್ಕೆ ಬ್ಯಾಟಲ್‌ಐ ಎಂಬ ಆಂಟಿ-ಚೀಟ್ ಸೇರಿಸಿದಾಗ, ಕಥೆಯನ್ನು ಮಾತ್ರ ಆಡುವವರು ಅದನ್ನು ಲಾಂಚರ್‌ನಲ್ಲೇ ನಿಲ್ಲಿಸಿಡುವ ಅವಕಾಶ ಕೊಡಲಾಯಿತು. ಇಂತಹ ಅಧಿಕೃತ ದಾರಿಯಿದ್ದರೆ ಅದನ್ನೇ ಹಿಡಿಯಬೇಕು. ಆಂಟಿ-ಚೀಟ್‌ನ ಕಣ್ಣು ತಪ್ಪಿಸುವ ಉಪಾಯಗಳನ್ನು ನಾನು ಬಳಸಿಲ್ಲ, ಯಾರಿಗೂ ಹೇಳುವುದೂ ಇಲ್ಲ; ಆಂಟಿ-ಚೀಟ್ ಎಚ್ಚರವಾಗಿರುವ ಜಾಗದಲ್ಲಿ ಬೇರೆ ಜನರಿದ್ದಾರೆ, ಅವರ ಆಟ ಕೆಡಿಸುವ ಹಕ್ಕು ನಮಗಿಲ್ಲ.

ನನ್ನ ಅಭ್ಯಾಸ ಹೀಗಿದೆ: ಆಟಗಳನ್ನು ಕೊಂಡು ತೆರೆಯುವ ಸ್ಟೀಮ್ ಆ್ಯಪ್ ಅನ್ನು ಆಫ್‌ಲೈನ್‌ಗೆ ಹಾಕುತ್ತೇನೆ, ಆಮೇಲೆ ಆಟ ತೆರೆಯುತ್ತೇನೆ, ಕೊನೆಗೆ ಚೀಟ್ ಎಂಜಿನ್. ಮುಗಿದ ಮೇಲೆ ಎರಡನ್ನೂ ಮುಚ್ಚಿ ಕಂಪ್ಯೂಟರನ್ನು ಮರುಪ್ರಾರಂಭಿಸಿದ ನಂತರವೇ ಆನ್‌ಲೈನ್ ಆಟಗಳನ್ನು ಮುಟ್ಟುತ್ತೇನೆ. ಚೀಟ್ ಎಂಜಿನ್‌ಗೆ ತನ್ನದೇ ಕರ್ನಲ್ ಡ್ರೈವರ್ ಇದೆ. ಅದು ವ್ಯವಸ್ಥೆಯ ಒಳಪದರಕ್ಕೆ ಇಳಿಯುವ ಸಾಧನ, ಸಾಮಾನ್ಯ ಆಟಗಳಿಗೆ ಅದರ ಅಗತ್ಯವೇ ಇಲ್ಲ, ಹಾಗಾಗಿ ಆ ಆಯ್ಕೆಗಳನ್ನು ನಾನು ಮುಟ್ಟುವುದಿಲ್ಲ.

ಸೇವ್ ಫೈಲ್‌ಗಳ ವಿಷಯದಲ್ಲಿ ನಿಯಮ ಚಿಕ್ಕದು, ಮರೆಯುವಂತಿಲ್ಲ: ಬದಲಾಯಿಸುವ ಮುನ್ನ ಸೇವ್ ಫೋಲ್ಡರಿನ ಒಂದು ನಕಲನ್ನು ಬೇರೆ ಜಾಗದಲ್ಲಿ ಇಡಿ. ಮೆಮೊರಿಯಲ್ಲಿ ಮಾಡಿದ ಬದಲಾವಣೆ ಆಟ ಮುಚ್ಚಿದರೆ ಅಳಿಸಿಹೋಗುತ್ತದೆ. ಆಟ ತಾನಾಗಿ ಸೇವ್ ಮಾಡಿತೆಂದರೆ ಮಾತ್ರ ಅದು ಉಳಿದುಬಿಡುತ್ತದೆ, ಮತ್ತು ಸೇವ್‌ಗಳನ್ನು ಅಂತರ್ಜಾಲದಲ್ಲಿ ಇಡುವ ಸ್ಟೀಮ್ ಕ್ಲೌಡ್ ಚಾಲೂ ಇದ್ದರೆ ಕೆಟ್ಟ ಸೇವ್ ಕೂಡ ನಿಷ್ಠೆಯಿಂದ ಮೇಲೇರಿ ಒಳ್ಳೆಯದರ ಜಾಗವನ್ನು ಹಿಡಿಯುತ್ತದೆ. ಆ ಆಟದ ಪ್ರಾಪರ್ಟೀಸ್‌ನಲ್ಲಿ ಕ್ಲೌಡ್ ಅನ್ನು ನಿಲ್ಲಿಸಿಡುವುದು ಇದಕ್ಕಾಗಿ. ಸಂಖ್ಯೆಗಳನ್ನು ಮಿತವಾಗಿ ಏರಿಸುವುದೂ ಸುರಕ್ಷತೆಯ ಭಾಗವೇ. ಋಣ ಸಂಖ್ಯೆಗಳನ್ನೂ ಹಿಡಿಯುವ 4 ಬೈಟ್‌ನ ಪೂರ್ಣಾಂಕದ ಗರಿಷ್ಠ ಬೆಲೆ 2147483647. ಅಷ್ಟು ಚಿನ್ನ ಬರೆದಿಟ್ಟು ಒಂದು ನಾಣ್ಯ ಹೆಚ್ಚು ಗಳಿಸಿದರೂ ಲೆಕ್ಕ ತಿರುಗಿ ಋಣ ಸಂಖ್ಯೆಯಾಗಬಹುದು. 500 ಬೇಕಿರುವಲ್ಲಿ 2000 ಬರೆಯಿರಿ, ಅಷ್ಟು ಸಾಕು. ಚಿನ್ನ, ಆರೋಗ್ಯಗಳನ್ನು ಬದಲಾಯಿಸುವುದು ಹೆಚ್ಚಾಗಿ ನಿರಪಾಯ. ಕಥೆ ಯಾವ ಹಂತದಲ್ಲಿದೆ ಎಂದು ಸೂಚಿಸುವ ಸಂಖ್ಯೆಗಳನ್ನು ಬದಲಾಯಿಸಿದರೆ ಮುಂದೆಲ್ಲೋ ಬಾಗಿಲು ತೆರೆಯದೆ, ಪಾತ್ರ ಮಾತಾಡದೆ ಆಟ ನಿಂತುಹೋಗಬಹುದು, ಅದು ತಿಳಿಯುವಷ್ಟರಲ್ಲಿ ಹಳೆಯ ಸೇವ್‌ಗಳೆಲ್ಲ ಕಳೆದಿರುತ್ತವೆ.

ಕಾನೂನಿನ ಬಗ್ಗೆ ಕೇಳುವವರಿಗೆ ಒಂದು ತೀರ್ಪನ್ನು ಹೇಳಬಹುದು. ಸೋನಿ ಮತ್ತು ಚೀಟ್ ತಂತ್ರಾಂಶಗಳನ್ನು ತಯಾರಿಸಿದ ಡೇಟೆಲ್ ನಡುವಿನ ವ್ಯಾಜ್ಯದಲ್ಲಿ ಐರೋಪ್ಯ ಒಕ್ಕೂಟದ ನ್ಯಾಯಾಲಯ 2024ರ ಅಕ್ಟೋಬರ್ 17ರಂದು, ಪ್ರೋಗ್ರಾಂನ ಕೋಡ್ ಅನ್ನು ಮುಟ್ಟದೆ ಅದು ಓಡುವಾಗ ಮೆಮೊರಿಯಲ್ಲಿಡುವ ಬೆಲೆಗಳನ್ನು ಮಾತ್ರ ಬದಲಾಯಿಸುವುದು ಕಂಪ್ಯೂಟರ್ ಪ್ರೋಗ್ರಾಂಗಳ ಕೃತಿಸ್ವಾಮ್ಯ ನಿರ್ದೇಶನದ ರಕ್ಷಣೆಯ ವ್ಯಾಪ್ತಿಗೆ ಬರುವುದಿಲ್ಲ ಎಂದಿತು. ಅದು ಆ ಒಕ್ಕೂಟದ ಕಾನೂನಿನ ಮಾತು. ಆಟದ ಬಳಕೆಯ ಕರಾರು ಬೇರೆಯೇ ವಿಷಯ, ಅದನ್ನು ಓದಿಯೇ ಮುಂದುವರಿಯಬೇಕು.

ಇಷ್ಟೆಲ್ಲ ಹೇಳಿದ ಮೇಲೂ, ಆಟದೊಳಗೇ ನೆರವಿನ ದಾರಿಯಿದ್ದರೆ ಚೀಟ್ ಎಂಜಿನ್ ಬೇಕಿಲ್ಲ ಎಂಬುದನ್ನು ಒಪ್ಪಬೇಕು. 2018ರ ಸೆಲೆಸ್ಟ್‌ನ ಅಸಿಸ್ಟ್ ಮೋಡ್‌ನಲ್ಲಿ ಆಟದ ವೇಗವನ್ನೇ ಇಳಿಸಬಹುದು. ಹೇಡೀಸ್‌ನ ಗಾಡ್ ಮೋಡ್ 20 ಶೇಕಡಾ ರಕ್ಷಣೆಯಿಂದ ಆರಂಭವಾಗಿ ಪ್ರತಿ ಸೋಲಿಗೂ 2 ಶೇಕಡಾ ಸೇರಿಸುತ್ತಾ 80ರವರೆಗೆ ಹೋಗುತ್ತದೆ. ಕಂಪ್ಯೂಟರಿನ ಸ್ಕೈರಿಮ್‌ನಲ್ಲಿ ಆದೇಶ ಬರೆಯುವ ಕನ್ಸೋಲ್ ಕಿಟಕಿಯಲ್ಲಿ ಒಂದು ಸಾಲು ಬರೆದರೆ ಚಿನ್ನ ಬರುತ್ತದೆ. ಇವೆಲ್ಲ ತಯಾರಕರೇ ಕೊಟ್ಟ ಸೌಲಭ್ಯಗಳಾದ್ದರಿಂದ ಹೊರಗಿನ ಯಾವ ಫೈಲನ್ನೂ ನಂಬಬೇಕಿಲ್ಲ.

ಕೊರತೆಗಳಲ್ಲಿ ನನ್ನನ್ನು ಹೆಚ್ಚು ಕಾಡುವುದು ಆಟದ ಅಪ್‌ಡೇಟ್‌ಗಳು. ಹೊಸ ಆವೃತ್ತಿ ಬಂದಾಗ ಕೋಡ್‌ನ ಜಾಗಗಳು ಸರಿದು ಹಳೆಯ ಟೇಬಲ್ ಕೆಲಸ ಮಾಡದಾಗುತ್ತದೆ, ಕೆಲವೊಮ್ಮೆ ತಪ್ಪು ಜಾಗದಲ್ಲಿ ಬರೆದು ಆಟವೇ ಮುಚ್ಚಿಕೊಳ್ಳುತ್ತದೆ. ದೀರ್ಘವಾದ ಆಟವನ್ನು ಆಡುತ್ತಿರುವಾಗ ಸ್ಟೀಮ್‌ನಲ್ಲಿ ಆ ಆಟ ತೆರೆದಾಗ ಮಾತ್ರ ಅಪ್‌ಡೇಟ್ ಆಗಲಿ ಎಂಬ ಆಯ್ಕೆಯನ್ನು ಹಾಕಿ, ಆಫ್‌ಲೈನ್‌ನಲ್ಲೇ ಮುಂದುವರಿಸುತ್ತೇನೆ. ಅಪ್‌ಡೇಟ್ ಆಗಿಹೋಗಿದ್ದರೆ ಹೊಸ ಟೇಬಲ್‌ಗಾಗಿ ಅಪರಿಚಿತ ತಾಣಗಳನ್ನು ಅಲೆಯುವುದಿಲ್ಲ. ಬೇಕಿರುವ ಸಂಖ್ಯೆಯನ್ನು ಕೈಯಾರೆ ಸ್ಕ್ಯಾನ್ ಮಾಡಿ ಹುಡುಕಿಕೊಳ್ಳುತ್ತೇನೆ, ಮತ್ತು ಚಿನ್ನದಂತಹ ಸರಳ ಬೆಲೆಗಳಿಗೆ ಅದೇ ಬೇಗ ಮುಗಿಯುತ್ತದೆ.