ಐದು ಡಿವಿಡಿ, 400 ರೂಪಾಯಿ, ಒಬ್ಬ ಪೋಷಕ ನಟ

ಮೈಸೂರಿನ ಸಯ್ಯಾಜಿರಾವ್ ರಸ್ತೆಯಲ್ಲಿ ನನ್ನದು ಚಪ್ಪಲಿ ಅಂಗಡಿ. ಮೂವತ್ತು ವರ್ಷದಿಂದ ಜನರ ಕಾಲು ನೋಡಿಕೊಂಡೇ ಬದುಕಿದ್ದೇನೆ. ಅದಕ್ಕೇ ಇಲ್ಲಿ ಬೂಟಿನ ಮಾತು ಸ್ವಲ್ಪ ಜಾಸ್ತಿ ಬಂದರೆ ಬೇಜಾರು ಮಾಡಿಕೊಳ್ಳಬೇಡಿ.

ಸರಸ್ವತಿಪುರಂನಲ್ಲಿ ಹಿಂದೆ ಡಿವಿಡಿ ಬಾಡಿಗೆಗೆ ಕೊಡುತ್ತಿದ್ದ ಒಂದು ಪುಟ್ಟ ಅಂಗಡಿ ಇದೆ. ಈಗ ಮೊಬೈಲ್ ಕವರ್, ಚಾರ್ಜರ್ ಮಾರುತ್ತಾರೆ. ಹಳೇ ಡಿವಿಡಿಗಳೆಲ್ಲ ಹಿಂದಿನ ಗೋಡೆಗೆ ರಾಶಿ ಬಿದ್ದಿವೆ, ಒಂದಕ್ಕೆ 80 ರೂಪಾಯಿ. ಹೋದ ತಿಂಗಳು ಹುಡುಕಿ ಹುಡುಕಿ ಐದು ತಂದೆ. ಐದರಲ್ಲೂ ಮೈಕೆಲ್ ಲಾನ್ಸ್‌ಡೇಲ್ ಇದ್ದಾರೆ. ಒಂದರಲ್ಲೂ ಹೀರೋ ಅಲ್ಲ. ಹುಟ್ಟಿದ್ದು ಪ್ಯಾರಿಸ್‌ನಲ್ಲಿ, 1931ರಲ್ಲಿ. ಅಪ್ಪ ಇಂಗ್ಲಿಷರವರು, ಅಮ್ಮ ಫ್ರೆಂಚ್ ಕಡೆಯವರು. ಎರಡೂ ಭಾಷೆಯಲ್ಲಿ ಸರಾಗವಾಗಿ ನಟಿಸಿ 2020ರಲ್ಲಿ ತೀರಿಕೊಂಡರು.

ಮೊದಲು ನೋಡಿದ್ದು ಫ್ರೆಂಚ್ ನಿರ್ದೇಶಕ ಟ್ರುಫೋ ಅವರ ‘ಸ್ಟೋಲನ್ ಕಿಸ್ಸಸ್’ (1968). ಇದರಲ್ಲಿ ಲಾನ್ಸ್‌ಡೇಲ್ ಬೂಟಿನ ಅಂಗಡಿ ಮಾಲೀಕ! ತನ್ನನ್ನು ಯಾರೂ ಇಷ್ಟಪಡುವುದಿಲ್ಲ, ಯಾಕೆ ಅಂತ ಪತ್ತೆ ಮಾಡಿ ಎಂದು ಪತ್ತೇದಾರಿ ಕಚೇರಿಗೆ ಹೋಗುತ್ತಾರೆ. ಅಳುವುದಿಲ್ಲ, ದನಿ ಏರಿಸುವುದಿಲ್ಲ. ಸ್ಟಾಕ್ ಲೆಕ್ಕ ಒಪ್ಪಿಸುವ ಹಾಗೆ ಹೇಳುತ್ತಾರೆ. ನಗು ಬರುತ್ತದೆ, ಆಮೇಲೆ ಯಾಕೋ ಸುಮ್ಮನಾಗಿಬಿಡುತ್ತೇವೆ. ಪತ್ತೇದಾರ ಹುಡುಗನನ್ನು ಅಂಗಡಿಗೆ ಸೇರಿಸಿಕೊಳ್ಳಲು ಒಂದು ನಾಟಕದ ಪರೀಕ್ಷೆ: ಬೂಟಿನ ಡಬ್ಬಕ್ಕೆ ಕಾಗದ ಸುತ್ತಬೇಕು. ಎಲ್ಲರಿಗಿಂತ ಕೆಟ್ಟದಾಗಿ ಸುತ್ತಿದವನಿಗೇ ಕೆಲಸ! ನಾನೂ ಹೊಸ ಹುಡುಗರಿಗೆ ಡಬ್ಬ ಕಟ್ಟಿಸಿಯೇ ನೋಡುವುದು. ಆ ಮೂಲೆ ಮಡಿಕೆ ನೋಡಿದ್ದರೆ ನಾನಂತೂ ಮನೆಗೆ ಕಳಿಸುತ್ತಿದ್ದೆ.

‘ದಿ ರಿಮೇನ್ಸ್ ಆಫ್ ದಿ ಡೇ’ (1993)ಯಲ್ಲೂ ಕಾಲಿನ ಕಥೆಯೇ. ದೊಡ್ಡ ಬಂಗಲೆಗೆ ಬಂದ ಫ್ರೆಂಚ್ ಅತಿಥಿ ಲಾನ್ಸ್‌ಡೇಲ್, ಅವರಿಗೆ ಪಾದ ನೋವು. ಬಟ್ಲರ್ ಆಗಿರುವುದು ಆಂಥನಿ ಹಾಪ್ಕಿನ್ಸ್. ಅವನ ತಂದೆ ಅದೇ ಮನೆಯಲ್ಲಿ ಸಾಯುತ್ತಿದ್ದಾರೆ, ಇವರಿಗೆ ತಮ್ಮ ಪಾದದ್ದೇ ಚಿಂತೆ. ಇಂಥ ಗಿರಾಕಿಗಳು ನನಗೆ ಚೆನ್ನಾಗಿ ಗೊತ್ತು. ಕೆಟ್ಟವರಲ್ಲ, ಕಾಲು ಕಚ್ಚುವಾಗ ಬೇರೆ ಏನೂ ಕಾಣಿಸುವುದಿಲ್ಲ ಅಷ್ಟೇ.

‘ದಿ ಡೇ ಆಫ್ ದಿ ಜಾಕಾಲ್’ (1973) ಡಿವಿಡಿ ಮಾತ್ರ ಕೈಕೊಟ್ಟಿತು. ಫ್ರಾನ್ಸ್ ಅಧ್ಯಕ್ಷ ಡಿ ಗಾಲ್ ಅವರನ್ನು ಕೊಲ್ಲಲು ಹೊರಟವನನ್ನು ಹುಡುಕುವ ಪೊಲೀಸ್ ಅಧಿಕಾರಿ ಇವರು. ಎಲ್ಲರ ಫೋನನ್ನೂ ಕದ್ದು ಕೇಳಿಸಿಕೊಂಡೆ ಎಂದು ಮಂತ್ರಿಗಳ ಮುಂದೆಯೇ ತಣ್ಣಗೆ ಹೇಳುವ ಜಾಗ ಇದೆಯಲ್ಲ, ಸರಿಯಾಗಿ ಅಲ್ಲೇ ನಿಂತಿತು. ಬೂಟಿಗೆ ಪಾಲಿಶ್ ಹಾಕುವ ಮೆತ್ತನೆ ಬಟ್ಟೆಯಲ್ಲಿ ಒರೆಸಿ ಮೂರನೇ ಸಲ ಹಾಕಿದಾಗ ಓಡಿತು.

‘ಮೂನ್‌ರೇಕರ್’ (1979) ಡಬ್ಬ ತೆಗೆದರೆ ಒಳಗೆ ಯೋಗಾಸನದ ಡಿವಿಡಿ! ವಾಪಸ್ ಒಯ್ದೆ. ಜಗಳವಿಲ್ಲದೆ ಬದಲಾಯಿಸಿಕೊಟ್ಟರು, ಅದನ್ನು ಮೆಚ್ಚಬೇಕು. ಬಾಂಡ್‌ನ ವೈರಿಯಾಗಿ ಇವರು ಚೆನ್ನ, ಸಿನಿಮಾ ಸುಮಾರು.

ಕೊನೆಗೆ ‘ಆಫ್ ಗಾಡ್ಸ್ ಅಂಡ್ ಮೆನ್’ (2010). 1996ರಲ್ಲಿ ಅಲ್ಜೀರಿಯಾದಲ್ಲಿ ಅಪಹರಣವಾದ ಫ್ರೆಂಚ್ ಸನ್ಯಾಸಿಗಳ ಕಥೆ. ಇವರು ಮಠದ ವೈದ್ಯ. ಈ ಪಾತ್ರಕ್ಕೆ ಅವರ 79ನೇ ವಯಸ್ಸಿನಲ್ಲಿ ಪೋಷಕ ನಟ ಅಂತ ಫ್ರಾನ್ಸ್‌ನ ಸಿನಿಮಾ ಪ್ರಶಸ್ತಿಯಾದ ಸೀಸರ್ ಬಂತು. ಒಂದು ರಾತ್ರಿ ಊಟಕ್ಕೆ ಎರಡು ವೈನ್ ಬಾಟಲಿ ತಂದು ಟೇಬಲ್ ಮೇಲಿಟ್ಟು, ಕ್ಯಾಸೆಟ್ ಹಾಕಿ ಬಂದು ಕೂರುತ್ತಾರೆ. ಯಾರೂ ಮಾತಾಡುವುದಿಲ್ಲ. ಸಂಗೀತ, ಒಂದೊಂದೇ ಮುಖ, ಅಷ್ಟೇ. ಅವರೆಕಾಯಿ ಸುಲಿಯುತ್ತಿದ್ದ ನನ್ನ ಹೆಂಡತಿ ಕೈ ನಿಲ್ಲಿಸಿ, “ಇವರನ್ನ ನೋಡಿದ್ರೆ ನಮ್ಮ ಅಶ್ವತ್ಥ್ ನೆನಪಾಗ್ತಾರೆ ಅಲ್ವೇನ್ರೀ?” ಅಂದಳು. ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರು, ನಮ್ಮ ಮೈಸೂರಿನವರೇ. ಹೌದು ಅಂದೆ. ಆ ದೃಶ್ಯ ಮುಗಿಯುವವರೆಗೆ ಅವಳು ಕಾಯಿ ಮುಟ್ಟಲಿಲ್ಲ.

ಸಬ್‌ಟೈಟಲ್ ಇಂಗ್ಲಿಷ್ ಒಂದೇ, ಅಕ್ಷರ ಸಣ್ಣದು. ಡಿವಿಡಿಗಳ ಮೇಲೆ ಗೀರು ಇವೆ, ಬೆಳಕಿಗೆ ಹಿಡಿದು ನೋಡಿ ತನ್ನಿ. ಮತ್ತೆ ಹೋದಾಗ ಅಂಗಡಿಯವರು, “ನಿಮ್ಮವರದ್ದು ಇನ್ನೊಂದು ಸಿಕ್ಕಿದೆ ಸಾರ್, ‘ದಿ ನೇಮ್ ಆಫ್ ದಿ ರೋಸ್’” ಅಂದರು. ಡಬ್ಬ ತೆಗೆದು ಒಳಗೆ ಏನಿದೆ ತೋರಿಸಿ ಅಂದೆ.