ಕುರಿಯ ತೊಡೆ ಹದವಾಗಿ ಬೇಯಿಸಲು ತಂತಿಯುಳ್ಳ ಥರ್ಮಾಮೀಟರ್

ಇಡೀ ಕುರಿತೊಡೆಯನ್ನು ಮನೆಯ ಓಟಿಜಿಯಲ್ಲಿ (ಚಿಕ್ಕ ವಿದ್ಯುತ್ ಓವನ್ನಿನಲ್ಲಿ) ರೋಸ್ಟ್ ಮಾಡುವವರಿಗೆ ಗಡಿಯಾರಕ್ಕಿಂತ ನೆಚ್ಚಿಗೆಯ ಸಾಧನವೆಂದರೆ, ಉದ್ದನೆಯ ಮೊನೆಯೂ ತಂತಿಯೂ ಇರುವ ಈ ಡಿಜಿಟಲ್ ಥರ್ಮಾಮೀಟರ್. ಒಂದೇ ತೂಕದ ಎರಡು ತೊಡೆಗಳೂ ದಪ್ಪದಲ್ಲಿ ಬೇರೆಯಾಗಿದ್ದರೆ ಒಂದೇ ಹೊತ್ತಿಗೆ ಬೇಯುವುದಿಲ್ಲ.

ಮೊಸರು, ಬೆಳ್ಳುಳ್ಳಿ, ಕಾಳುಮೆಣಸು ಸವರಿ ರಾತ್ರಿಯಿಡೀ ಫ್ರಿಜ್ಜಿನಲ್ಲಿ ನೆನೆಸಿದ ಬನ್ನೂರು ಕುರಿಯ ತೊಡೆಯ ಅತಿ ದಪ್ಪ ಭಾಗಕ್ಕೆ, ಮೂಳೆಗೆ ತಾಗದಂತೆ ಮೊನೆಯನ್ನು ಚುಚ್ಚಿ, ತಂತಿಯನ್ನು ಬಾಗಿಲ ಸಂದಿಯಿಂದ ಹೊರತಂದರೆ, ಒಳಗಿನ ಬಿಸಿಯನ್ನು ಬಾಗಿಲು ತೆರೆಯದೆಯೇ ಓದಬಹುದು. ನಸುಗೆಂಪು ಬಣ್ಣ ಉಳಿಯಬೇಕೆನ್ನುವವರು 60 ಡಿಗ್ರಿಯಲ್ಲಿ ಹೊರತೆಗೆದು ಫಾಯಿಲ್ ಮುಚ್ಚಿಟ್ಟರೆ, ಅಂಕಿ ತಾನಾಗಿಯೇ 61, 62, 63 ಎಂದು ಏರುವುದನ್ನು ಕಾಣಬಹುದು. ನನಗೆ ಈ ಸಾಧನದಲ್ಲಿ ಬಹಳ ಮೆಚ್ಚುಗೆಯಾದದ್ದು ಇದೇ. ನಮ್ಮಲ್ಲಿ ಹೆಚ್ಚಿನವರು ಬಯಸುವಂತೆ ಮಾಂಸ ಮೂಳೆಯಿಂದ ಬಿಟ್ಟುಕೊಳ್ಳುವಷ್ಟು ಮೆತ್ತಗಾಗಬೇಕಾದರೆ, ತಟ್ಟೆಯನ್ನು ಬಿಗಿಯಾಗಿ ಮುಚ್ಚಿ, ಓವನ್ನನ್ನು 150 ಡಿಗ್ರಿಗೆ ಇಳಿಸಿ, ಒಳಗೆ 90 ಡಿಗ್ರಿ ಆಗುವ ತನಕ ತಾಳ್ಮೆಯಿಂದ ಕಾಯಬೇಕು, ಏಕೆಂದರೆ ಮಾಂಸವನ್ನು ಹಿಡಿದಿಡುವ ಗಟ್ಟಿ ಪ್ರೋಟೀನಾದ ಕೊಲಾಜೆನ್ ಕರಗಿ ಮೆತ್ತನೆಯ ಜೆಲಾಟಿನ್ ಆಗಲು ಬಿಸಿಯ ಜೊತೆಗೆ ಸಮಯವೂ ಬೇಕು.

ತಂತಿ ಇನ್ನಷ್ಟು ಉದ್ದವಿರಬೇಕಿತ್ತು. ತಂತಿ ಸೇರುವ ಜಾಗಕ್ಕೆ ನೀರು ತಾಗದಂತೆ ಮೊನೆಯನ್ನಷ್ಟೇ ಒರೆಸಿ ತೊಳೆಯುವುದು ಒಳ್ಳೆಯದು.