ಮಾಳಿಗೆ, ಜೋಡಿ ಮರ, ಕೈಂಚಿ: ನನ್ನ ಓಟು ಕೈಂಚಿಗೆ

ಬಾಗಲಕೋಟೆ ಕಡೆಯ ನಮ್ಮ ಹಿರಿಯರ ಮನೆ ಜಂತಿ ಮಾಳಿಗೆಯದು. ಖಾನಾಪುರದ ಹತ್ತಿರ ನಾನು ಕಟ್ಟಿಸಿದ ಮನೆಗೆ ಹಂಚು. ಅದರಲ್ಲಿ ಅಡುಗೆಮನೆಗೆ ಬರೀ ಜೋಡಿ ಮರ, ಪಡಸಾಲೆಗೆ ಕೈಂಚಿ, ಅಂದರೆ ಎರಡು ಓರೆ ಮರ, ಕೆಳಗೆ ಅಡ್ಡತೊಲೆ, ನಡುವೆ ನಡುಗಂಬ (ಕಿಂಗ್ ಪೋಸ್ಟ್) ಸೇರಿದ ತ್ರಿಕೋನದ ಚೌಕಟ್ಟು. ಮನೆಯ ಮಾಡಿಗೆ ಈ ಮೂರರಲ್ಲಿ ಯಾವುದು ಅಂತ ಕೇಳಿದರೆ ಕೈಂಚಿ ಅಂತಲೇ ಹೇಳುತ್ತೇನೆ.

ಮಾಳಿಗೆಯ ತಂಪಿಗೆ ಸಾಟಿ ಇಲ್ಲ, ನಿಜ. ತೊಲೆ, ಜಂತಿ, ಹಲಗೆ, ಮೇಲೆ ದಪ್ಪ ಮಣ್ಣು. ಸವಳು ಮಣ್ಣು ನೆನೆದರೆ ಉಬ್ಬಿ ಸಂದು ಮುಚ್ಚಿಕೊಳ್ಳುತ್ತದೆ. ವರ್ಷಕ್ಕೆ 600 ಮಿಲಿಮೀಟರ್ ಆಸುಪಾಸು ಮಳೆ ಬೀಳುವ ಸೀಮೆಗೆ ಅಷ್ಟು ಸಾಕು. ಆದರೆ ಪ್ರತಿ ವರ್ಷ ಮುಂಗಾರಿಗೆ ಮುಂಚೆ ಮೇಲೆ ಹತ್ತಿ ಹುಲ್ಲು ಕಿತ್ತು ಮಣ್ಣು ಹಾಕಬೇಕು. ಬೆಳಗಾವಿಯಲ್ಲಿ ನೌಕರಿ ಮಾಡುವ ನನಗೆ ಅದು ಆಗದ ಮಾತು. ಖಾನಾಪುರದ ಜೋರು ಮಳೆಗಂತೂ ಮಾಳಿಗೆ ಬೇಡವೇ ಬೇಡ.

ಜೋಡಿ ಮರ ಅಗ್ಗ. ಎರಡು ಓರೆ ಮರ ಮೇಲೆ ಕೂಡುತ್ತವೆ, ಅಷ್ಟೇ. ಹಂಚಿನ ಭಾರಕ್ಕೆ ಅವುಗಳ ಕಾಲು ಗೋಡೆಯನ್ನು ಹೊರಗೆ ತಳ್ಳುತ್ತವೆ. ಅದಕ್ಕೇ 12 ಅಡಿಯೊಳಗಿನ ಕೋಣೆಗೆ ಮಾತ್ರ ಸರಿ. ಸ್ವಲ್ಪ ಜಾಸ್ತಿ ಅಗಲ ಇದ್ದರೆ ಕಾಲುಗಳ ನಡುವೆ ಅಡ್ಡತೊಲೆ ಕಟ್ಟಿಸಲೇಬೇಕು.

ನಮ್ಮ ಪಡಸಾಲೆ 18 ಅಡಿ. ಸುಮಾರು 5ರಿಂದ 8 ಮೀಟರ್ ಅಗಲಕ್ಕೆ ಕೈಂಚಿಯೇ ಹೊಂದುತ್ತದೆ. ಓರೆ ಮರಗಳ ಕಾಲನ್ನು ಅಡ್ಡತೊಲೆ ಹಿಡಿದಿರೋದರಿಂದ ಗೋಡೆಗೆ ತಳ್ಳಾಟ ಇಲ್ಲ, ಕೆಳಗೆ ಕಂಬ ಬೇಡ.

ಇನ್ನು ಅದರ ಕಿರಿಕಿರಿ. ಕೈಂಚಿಯ ನಡುಗಂಬ ಅಡ್ಡತೊಲೆಯ ಮೇಲೆ ನಿಂತಿದೆ ಅಂತ ಎಲ್ಲರೂ ತಿಳಿಯುತ್ತಾರೆ. ಅದು ನಿಂತಿಲ್ಲ, ನೇತಾಡುತ್ತಿದೆ! ಎರಡು ಓರೆ ಮರಗಳು ಅದರ ತಲೆಯನ್ನು ಹಿಡಿದಿರುತ್ತವೆ. ಅದು ಕೆಳಗಿನ ತೊಲೆಯನ್ನು ಕಬ್ಬಿಣದ ಪಟ್ಟಿಯಿಂದ ಎತ್ತಿ ಹಿಡಿದಿರುತ್ತದೆ. ಹಾಗಾಗಿ ಆ ಪಟ್ಟಿ ಸಡಿಲಾದರೆ ತೊಲೆ ಜೋತು ಬೀಳುತ್ತದೆ.

ನಮ್ಮಲ್ಲಿ ಆದದ್ದು ಇದೇ. ಕಟ್ಟಿಗೆ ಅಡ್ಡಾದವರು "ಒಣಾ ಮಾಲು ರೀ, ಕಣ್ಣು ಮುಚ್ಚಿ ಒಯ್ಯಿರಿ" ಅಂತ ಮತ್ತಿ ಮರ ಕೊಟ್ಟರು. ಮರ ಹಸಿಯಾಗಿತ್ತು. ಮರ ಒಣಗುವಾಗ ಉದ್ದಕ್ಕೆ ಅಷ್ಟಾಗಿ ಕುಗ್ಗಲ್ಲ, ಅಗಲಕ್ಕೆ ಕುಗ್ಗುತ್ತದೆ. ಒಂದು ಬೇಸಿಗೆ ಕಳೆಯುವಷ್ಟರಲ್ಲಿ ನಡುಗಂಬದ ತಲೆ ಸಣ್ಣದಾಗಿ ಓರೆ ಮರಗಳು ಒಳಗೆ ಸರಿದವು. ನಡುಗಂಬ ಇಳಿದು ಪಟ್ಟಿ ಸಡಿಲಾಯಿತು, ಮೊಗಡು, ಅಂದರೆ ಮಾಡಿನ ನೆತ್ತಿ ಸ್ವಲ್ಪ ಇಳಿಯಿತು, ಹಂಚಿನ ಸಾಲು ಬಿಟ್ಟುಕೊಂಡಿತು. ಮೊದಲ ಮಳೆಗೇ ಪಡಸಾಲೆ ನಡುವೆ ಬೋಗುಣಿ ಇಡುವ ಹಾಗಾಯ್ತು.

ಪುಣ್ಯಕ್ಕೆ ನಮ್ಮ ಬಡಗಿ ಪಟ್ಟಿಗೆ ಮೊಳೆ ಹೊಡೆದಿರಲಿಲ್ಲ, ಕಬ್ಬಿಣದ ಬೆಣೆ ಕೂರಿಸಿದ್ದ. ತೊಲೆ ಕೆಳಗೆ ಜಾಕ್ ಕೊಟ್ಟು ಎತ್ತಿ, ಬೆಣೆ ಬಡಿದು, ಬೋಲ್ಟು ಬಿಗಿದ. ಹಂಚು ಕೂರಿಸಿದ ಮೇಲೆ ಸೋರಿಕೆ ನಿಂತಿತು. ಮೊಳೆಯಾಗಿದ್ದರೆ ಜೋಡಣೆಯನ್ನೇ ಬಿಚ್ಚಬೇಕಿತ್ತು. ಆದ್ದರಿಂದ ಬೆಣೆ, ಬೋಲ್ಟು ಎರಡನ್ನೂ ಹಟ ಹಿಡಿದು ಹಾಕಿಸಿ. ಸೀಲಿಂಗ್ ಹೊಡೆಸುವವರು ಅಲ್ಲಿಗೆ ಕೈ ಹೋಗುವಷ್ಟು ಜಾಗ ಬಿಡಿ.

ಗೆದ್ದಲು? ಗೋಡೆಯೊಳಗೆ ಹೋಗುವ ತೊಲೆ ತುದಿಗೆ ಔಷಧಿ ಬಳಿಸಿ, ಸುತ್ತ ಗಾಳಿಯಾಡಲು ಬಿಡಿ.

ಸಾಗವಾನಿ ನನ್ನ ಜೇಬಿಗೆ ಆಗಲಿಲ್ಲ, ಮತ್ತಿಯೇ ಸಾಕಾಯ್ತು. ಅದರಲ್ಲಿ ಉಳಿದ ದುಡ್ಡು ಪಟ್ಟಿ, ಬೋಲ್ಟಿಗೆ ಹೋಯಿತು. ವರ್ಷಕ್ಕೊಮ್ಮೆ ಪಾನಾ ಹಿಡಿದು ಬೋಲ್ಟು ಬಿಗಿಯೋದು ನನ್ನಿಂದ ಆಗುತ್ತದೆ. ಮಣ್ಣು ಹೊರೋದು ಆಗಲ್ಲ. ಊರಲ್ಲೇ ಇರುವ ತಮ್ಮನಿಗೆ ಮಾಳಿಗೆಯೇ ಚಲೋ ಅನ್ನಿಸುತ್ತದೆ, ಅವನು ಬದಲಿಸೋದೂ ಬೇಡ.